ಯಾಯಿಜುವಿನ ಇಪ್ಪತ್ತರ ಹರೆಯ

ಜಪಾನಿನ ಸುರುಗಾ ಕೊಲ್ಲಿಯ ತೀರದಲ್ಲಿ ಯಾಯಿಜು ಎಂಬ ಮೀನುಗಾರರ ಪಟ್ಟಣವಿದೆ. ಆಕಾಶ ತಿಳಿಯಾಗಿದ್ದ ದಿನ ಅಲ್ಲಿನ ಕಡಲದಂಡೆಯಿಂದ ಫ್ಯೂಜಿ ಪರ್ವತದ ಹಿಮಶಿಖರವು ಕಾಣುತ್ತದೆ. ದೂರಸಾಗರದಿಂದ ಹಡಗುಗಳು ಹೊತ್ತು ತರುವ ಟ್ಯೂನಾ ಮೀನೇ ಊರಿನ ಜೀವನಾಧಾರ.

ಯುದ್ಧದಲ್ಲಿ ಸೋತ ಜಪಾನು 1948ರಲ್ಲಿ ಕಾನೂನೊಂದನ್ನು ಮಾಡಿ, ಜನವರಿ 15ನ್ನು ಪ್ರಾಪ್ತವಯಸ್ಕರ ದಿನವೆಂದು ಗೊತ್ತುಪಡಿಸಿತು. ಇಪ್ಪತ್ತು ತುಂಬಿದ ತರುಣ ತರುಣಿಯರನ್ನು ನಾಡು ಹರಸುವ ಹಬ್ಬವದು. ಆದರೆ ಕಡಲತೀರದ ಬಡ ಹುಡುಗರು ಅಷ್ಟು ಕಾಲ ಕಾಯುವಂತಿರಲಿಲ್ಲ. ನೆರೆಯ ಊರಿನ ಮತಶಿಚಿ ಓಯಿಶಿ, ತಂದೆ ತೀರಿಕೊಂಡುದರಿಂದ ಹದಿನಾಲ್ಕರಲ್ಲಿಯೇ ಶಾಲೆ ಬಿಟ್ಟು ಹಡಗು ಹತ್ತಿದನು.

1954ರ ಜನವರಿ 22ರಂದು 'ದೈಗೊ ಫುಕುರ್ಯು ಮಾರು' ಎಂಬ ಮರದ ಹಡಗು ಯಾಯಿಜುವಿನಿಂದ ಹೊರಟಿತು. 'ಐದನೆಯ ಭಾಗ್ಯದ ಡ್ರ್ಯಾಗನ್' ಎಂದು ಅದರ ಅರ್ಥ. ಅದರಲ್ಲಿದ್ದ 23 ಮಂದಿಯಲ್ಲಿ ಇಪ್ಪತ್ತರ ಹೊಸ್ತಿಲಲ್ಲಿದ್ದ ಓಯಿಶಿಯೂ ಒಬ್ಬ. ಮಾರ್ಚ್ 1ರಂದು, ಇನ್ನೂ ಬೆಳಗಾಗುವ ಮುನ್ನವೇ ಪಡುವಣ ದಿಕ್ಕು ಬೆಳಗಿತು. ಸುಮಾರು 160 ಕಿಲೋಮೀಟರು ದೂರದ ಬಿಕಿನಿಯಲ್ಲಿ ಅಮೆರಿಕವು ಜಲಜನಕ ಬಾಂಬನ್ನು ಸಿಡಿಸಿತ್ತು. ಕೆಲವು ಗಂಟೆಗಳ ಮೇಲೆ ಹವಳದ ಬಿಳಿಯ ಬೂದಿ ಅವರ ತಲೆಯ ಮೇಲೆ ಸುರಿಯಿತು. ಅದೇನೆಂದು ಯಾರಿಗೂ ತಿಳಿಯದು; ಮೀನು ಹಿಡಿಯುವ ಹಗ್ಗಗಳ ಕೆಲಸ ಸಾಗಿಯೇ ಇತ್ತು.

ಮಾರ್ಚ್ 14ರಂದು ಹಡಗು ಊರಿಗೆ ಮರಳುವ ವೇಳೆಗೆ ಅವರ ಚರ್ಮ ಕಪ್ಪಾಗಿತ್ತು, ಕೂದಲು ಉದುರತೊಡಗಿತ್ತು. ರೇಡಿಯೋ ಕೆಲಸಗಾರ ಐಕಿಚಿ ಕುಬೊಯಾಮ ಸೆಪ್ಟೆಂಬರ್ 23ರಂದು, ನಲವತ್ತನೆಯ ವಯಸ್ಸಿನಲ್ಲಿ ತೀರಿಕೊಂಡರು. ಉಳಿದವರು ಒಂದು ವರ್ಷಕ್ಕೂ ಮೀರಿ ಟೋಕಿಯೋದ ಆಸ್ಪತ್ರೆಗಳಲ್ಲಿ ಕಳೆದರು.

ಮನೆಗೆ ಬಂದವರಿಗೆ ಇನ್ನೊಂದು ಪರೀಕ್ಷೆ ಕಾದಿತ್ತು. ಪರಿಹಾರದ ಹಣ ಪಡೆದವರೆಂದು ಕೆಲವರಿಗೆ ಅಸೂಯೆ. ವಿಕಿರಣ ತಗುಲಿದವರೆಂದು ಕೆಲವರಿಗೆ ಅಂಜಿಕೆ. ಓಯಿಶಿ ಕಡಲನ್ನು ತೊರೆದು, ಟೋಕಿಯೋದ ಜನಸಂದಣಿಯಲ್ಲಿ ಮರೆಯಾಗಿ, ಲಾಂಡ್ರಿ ಅಂಗಡಿ ಇಟ್ಟನು. ಮದುವೆಯಾಯಿತು, ಮೊದಲ ಮಗು ಜೀವವಿಲ್ಲದೆ ಹುಟ್ಟಿತು. ಆ ದುಃಖವನ್ನೂ ಅವನು ಬಹುಕಾಲ ಯಾರಲ್ಲಿಯೂ ಹೇಳಿಕೊಳ್ಳಲಿಲ್ಲ.

ಕಸದ ರಾಶಿಯ ನಡುವೆ ಕೊಳೆಯುತ್ತಿದ್ದ ಆ ಹಡಗನ್ನು ಜನರು ಉಳಿಸಿಕೊಂಡರು. 1976ರಲ್ಲಿ ಟೋಕಿಯೋದ ಯುಮೆನೊಶಿಮದಲ್ಲಿ ಅದಕ್ಕೊಂದು ಪ್ರದರ್ಶನಾಲಯವಾಯಿತು. 1983ರಿಂದ, ಐವತ್ತರ ಸಮೀಪದಲ್ಲಿದ್ದ ಓಯಿಶಿಯವರು ಶಾಲೆಯ ಮಕ್ಕಳೆದುರು ತಮ್ಮ ಕತೆಯನ್ನು ಹೇಳತೊಡಗಿದರು, 2021ರಲ್ಲಿ ತೀರಿಕೊಂಡರು.

2022ರಲ್ಲಿ ಜಪಾನು ಪ್ರಾಪ್ತವಯಸ್ಸನ್ನು ಹದಿನೆಂಟಕ್ಕೆ ಇಳಿಸಿತು. ಹದಿನಾಲ್ಕಕ್ಕೇ ದುಡಿಮೆಯ ಹೊರೆ ಹೊತ್ತ ಈ ಹುಡುಗನಿಗೆ, ತನ್ನ ಬಾಳಿನಲ್ಲಿ ನಡೆದುದನ್ನು ತನ್ನ ಬಾಯಿಂದಲೇ ಹೇಳುವ ಧೈರ್ಯ ಬರಲು ಮಾತ್ರ ಅರ್ಧ ಆಯುಷ್ಯ ಬೇಕಾಯಿತು.