ಡೋರಾ ಕಾಯುವ ಹೊತ್ತು

ಮಗಳಿಗೆ ನಾಲ್ಕು ತುಂಬಿದ ವರ್ಷ, ಪುಣೆಯ ನಮ್ಮ ಮನೆಯಲ್ಲಿ ಊಟದ ತಟ್ಟೆ ಇಟ್ಟರೆ ‘ಡೋರಾ ದಿ ಎಕ್ಸ್‌ಪ್ಲೋರರ್’ ಹಾಕಲೇಬೇಕಿತ್ತು. ಅದೂ ಹಳೆಯ ಕಂತುಗಳೇ ಆಗಬೇಕು. 2000ದ ಆಗಸ್ಟ್‌ನಲ್ಲಿ ಅಮೆರಿಕದ ನಿಕೆಲೋಡಿಯನ್ ವಾಹಿನಿಯಲ್ಲಿ ಶುರುವಾದ ಸರಣಿ ಅದು. ಪುಟ್ಟ ಹುಡುಗಿ ಡೋರಾ, ಕೆಂಪು ಬೂಟಿನ ಕೋತಿ, ಕದಿಯಲು ಹೊಂಚು ಹಾಕುವ ನರಿ, ಮಾತಾಡುವ ನಕ್ಷೆ. ನಕ್ಷೆ ಹೇಳಿದ ಜಾಗಗಳನ್ನು ಒಂದೊಂದಾಗಿ ದಾಟಿ ಗುರಿ ಮುಟ್ಟಬೇಕು. ಪ್ರಾಜೆಕ್ಟ್ ಮ್ಯಾನೇಜರನಾದ ನನಗೆ ಆ ಪ್ಲಾನ್ ಹಿಡಿಸಿತು. ಹಿಡಿಸದೇ ಹೋದದ್ದು ನಡುವಿನ ಮೌನ. ಡೋರಾ ಪ್ರಶ್ನೆ ಕೇಳಿ, ನಮ್ಮತ್ತ ಕಣ್ಣು ಪಿಳಿಪಿಳಿ ಬಿಡುತ್ತ ನಿಂತುಬಿಡುತ್ತಾಳೆ. ಮೊದಲ ದಿನ ವೈ-ಫೈ ಕೈಕೊಟ್ಟಿತೆಂದು ರೂಟರ್ ನೋಡಲು ಎದ್ದಿದ್ದೆ. ಅಷ್ಟರಲ್ಲಿ ಮಗಳು ಉತ್ತರ ಕೂಗಿಯಾಗಿತ್ತು.

ತಿಂಗಳೊಳಗೆ ಅವಳಿಗೆ ನೀಲಿ ಎಂದರೆ ‘ಅಸುಲ್’. ಫ್ರಿಜ್ ಮುಂದೆ ನಿಂತು ‘ಆಬ್ರೆ’ ಅನ್ನುತ್ತಿದ್ದಳು, ಸ್ಪ್ಯಾನಿಶ್‌ನಲ್ಲಿ ‘ತೆರೆ’ ಅಂತ. ನಾನು ಹೆಮ್ಮೆಯಿಂದ ಆಫೀಸಿನಲ್ಲೆಲ್ಲ ಹೇಳಿಕೊಂಡು ಬಂದೆ.

ಆ ಭಾನುವಾರ ಧಾರವಾಡದಿಂದ ಅವ್ವನ ವಿಡಿಯೊ ಕಾಲ್. ‘ಊಟ ಆತೇನ ಪುಟ್ಟಿ?’ ಮಗಳು ನನ್ನ ಮುಖ ನೋಡಿದಳು. ‘ಆಗೇದವ್ವಾ’ ಎಂದೆ. ‘ಏನ್ ಉಂಡಿ?’ ಅದಕ್ಕೂ ನಾನೇ, ‘ಚಪಾತಿ ತಿಂದಾಳ.’ ಅವ್ವ ಸ್ವಲ್ಪ ಸುಮ್ಮನಿದ್ದು ಅಂದಳು: ‘ನಾ ನಿನ್ನ ಕೇಳಲಿಲ್ಲೋ, ಆಕೀನ ಕೇಳೀನಿ.’

ರಾತ್ರಿ ಅದೇ ಸರಣಿಯ ಇನ್ನೊಂದು ಕಂತು. ಅದರಲ್ಲಿ ಟೀಕೊ ಎಂಬ ಅಳಿಲಿನದು ಸ್ಪ್ಯಾನಿಶ್. ಡೋರಾ ಅದರೊಡನೆ ಆಡಬೇಕಾದ ಮಾತನ್ನು ಮಕ್ಕಳಿಗೆ ಹೇಳಿಕೊಡುತ್ತಾಳೆ, ‘ನೀವೂ ಹೇಳಿ’ ಅನ್ನುತ್ತಾಳೆ, ಕಾಯುತ್ತಾಳೆ. ನಮ್ಮ ಮನೆಯಲ್ಲಿ ಕನ್ನಡಕ್ಕೆ ಅಷ್ಟು ಹೊತ್ತನ್ನೂ ನಾನು ಕೊಟ್ಟಿರಲಿಲ್ಲ. ಅವಳು ಒಂದು ಕ್ಷಣ ತಡವರಿಸಿದರೆ ಸಾಕು, ಹಿಂದಿಗೋ ಇಂಗ್ಲಿಷಿಗೋ ಹಾರುತ್ತಿದ್ದೆ. ಸೊಸೈಟಿ, ಶಾಲೆ ಎಂದೆಲ್ಲ ದೂರುತ್ತಿದ್ದವನು ನಾನೇ. ಅವಳ ಕನ್ನಡಕ್ಕೆ ಅಡ್ಡ ನಿಂತವನೂ ನಾನೇ.

ಮುಂದಿನ ಭಾನುವಾರ ಬಾಯಿ ಮುಚ್ಚಿಕೊಂಡು ಕೂತೆ. ಅವ್ವ ಅದೇ ಪ್ರಶ್ನೆ ಕೇಳಿದಳು. ಮಗಳು ನನ್ನತ್ತ ನೋಡಿದಳು. ನಾನು ಫೋನಿನತ್ತ ನೋಡಿದೆ. ಒಂದು, ಎರಡು, ಮೂರು... ಮೀಟಿಂಗ್ ಆಗಿದ್ದರೆ ಯಾರಾದರೂ ‘ಹಲೋ, ಕೇಳಿಸ್ತಿದೆಯಾ?’ ಅನ್ನುತ್ತಿದ್ದರು. ಅವ್ವ ಅನ್ನಲಿಲ್ಲ.

‘ಊಟ ಹೋ ಗಯಾ... ಆತು, ಅಜ್ಜಿ.’

ಅವ್ವ ತಿದ್ದಲಿಲ್ಲ. ‘ಏನ್ ಪಲ್ಯಾ ಮಾಡ್ಯಾಳ ನಿಮ್ಮವ್ವ?’ ಅಂತ ಮುಂದಕ್ಕೆ ಹೋದಳು. ಮಗಳು ಮತ್ತೆ ನನ್ನತ್ತ ತಿರುಗಿದಳು. ತಟ್ಟೆಯಲ್ಲಿದ್ದ ಬೆಂಡೆಕಾಯಿಗೆ ಬೆರಳು ತೋರಿಸಿ ನಾನು ಸುಮ್ಮನಿದ್ದೆ.