ಏಣಿನ ಮೇಲೆ ಒಂದೇಟು

ಗುಂಡ್ಲುಪೇಟೆಯಲ್ಲಿ ಹೇಝಲ್‌ನಟ್ ಬೆಳೆಯಬಹುದೇ ಎಂದು ಕೇಳುವವರು ಈಚೆಗೆ ಹೆಚ್ಚಾಗಿದ್ದಾರೆ. ಚಾಕೊಲೇಟಿನೊಳಗೆ ಸಿಗುವ ಆ ದುಂಡು ಬೀಜದ ರುಚಿ ಹತ್ತಿದ ಮಕ್ಕಳು ಈಗ ನಮ್ಮ ಕಡೆಯೂ ಇದ್ದಾರಲ್ಲ. ಆಗುವುದಿಲ್ಲ ಎನ್ನುತ್ತೇನೆ. ತುರ್ಕಿಯ ಕಪ್ಪು ಸಮುದ್ರದ ದಂಡೆಯಲ್ಲಿ ಹುಲುಸಾಗುವ ಗಿಡ ಅದು. ಚಳಿಗಾಲದಲ್ಲಿ ಏಳು ಡಿಗ್ರಿಗಿಂತ ಕೆಳಗಿನ ಚಳಿಯನ್ನು ಹೆಚ್ಚುಕಡಿಮೆ ಸಾವಿರ ಗಂಟೆ ಉಣ್ಣದೆ ಸರಿಯಾಗಿ ಚಿಗುರುವುದಿಲ್ಲ. ಗೋಪಾಲಸ್ವಾಮಿ ಬೆಟ್ಟದ ನೆತ್ತಿಯಲ್ಲಿ ಎಷ್ಟು ಮಂಜು ಕವಿದರೂ ಅಷ್ಟು ಚಳಿ ಅಲ್ಲೂ ಕೂಡಿಬರುವುದಿಲ್ಲ. ಅದರ ಕಾಡು ನೆಂಟ ನಮ್ಮ ದೇಶದಲ್ಲೂ ಇದೆ, ಆದರೆ ದೂರದ ಹಿಮಾಲಯದಲ್ಲಿ.

ಹಿತ್ತಲಲ್ಲಿ ಕೂತು ಒಡೆದು ತಿನ್ನುವ ಒಂದು ಬೀಜ ಬೇಕು ಎನ್ನುವ ಆಸೆ ಮಾತ್ರ ನನಗೆ ಚೆನ್ನಾಗಿ ಅರ್ಥವಾಗುತ್ತದೆ. ಆ ಆಸೆಗೆ ನಮ್ಮ ಸೀಮೆಯಲ್ಲಿ ಬಾದಾಮಿ ಮರವಿದೆ. ಅಂಗಡಿಯಲ್ಲಿ ಕಿಲೋಗಟ್ಟಲೆ ತೂಗಿ ಕೊಡುವ ಬಾದಾಮಿಯಲ್ಲ. ಅದು ಪೀಚ್ ಹಣ್ಣಿನ ಕುಲದ್ದು, ಅದಕ್ಕೂ ಚಳಿ ಬೇಕು. ನಾನು ಹೇಳುವುದು ಶಾಲೆಯ ಅಂಗಳದಲ್ಲಿ, ಬಸ್ ನಿಲ್ದಾಣದ ಪಕ್ಕದಲ್ಲಿ, ಕಚೇರಿಗಳ ಮುಂದೆ ನಿಂತಿರುವ ಅಗಲ ಎಲೆಯ ಮರವನ್ನು. ನೆರಳಿಗೆಂದು ಅದನ್ನು ನೆಡುತ್ತಾರೆ, ಎಲೆ ಗುಡಿಸಲಾರದೆ ಕಡಿಸುತ್ತಾರೆ. ಬೀಜಕ್ಕಾಗಿಯೇ ನೆಟ್ಟವರನ್ನು ಹುಡುಕಬೇಕು. ನಾನು ಬೀಜಕ್ಕಾಗಿಯೇ ನೆಟ್ಟೆ. ಈ ಮರದ ಬಗ್ಗೆ ನನಗಿರುವ ಪ್ರೀತಿಯೆಲ್ಲ ಅಲ್ಲಿಂದ ಬಂದದ್ದು.

ಇದು ಮೂಲತಃ ಕಡಲಂಚಿನ ಮರ. ಕಾಯಿಯ ಸುತ್ತ ಬೆಂಡಿನಂಥ ನಾರು ಇರುವುದರಿಂದ ನೀರಲ್ಲಿ ಮುಳುಗದೆ ತೇಲಿಕೊಂಡು ಎಷ್ಟೋ ದ್ವೀಪಗಳನ್ನು ಸೇರಿದೆ. 1767ರಲ್ಲಿ ಲಿನೇಯಸ್ ಇದಕ್ಕೆ ಟರ್ಮಿನೇಲಿಯಾ ಕಟಪ್ಪಾ ಎಂದು ಶಾಸ್ತ್ರದ ಹೆಸರಿಟ್ಟ. ಹಾಗೆಂದು ನಮ್ಮ ನಾಡಿಗೆ ಇದು ಪರಕೀಯವೇನಲ್ಲ. ಬಂಡೀಪುರದಲ್ಲಿ, ಬಿಳಿಗಿರಿರಂಗನ ಬೆಟ್ಟದಲ್ಲಿ ಇದರ ದಾಯಾದಿಗಳೇ ತುಂಬಿದ್ದಾರೆ: ತಾರೆ, ಅಳಲೆ, ಮತ್ತಿ, ಹೊಳೆದಂಡೆಯ ಹೊಳೆಮತ್ತಿ. ತಾರೆಕಾಯಿ ಒಡೆದು ಒಳಗಿನ ತಿರುಳು ತಿಂದವರಿಗೆ ಅದರ ರುಚಿಯೂ ಗೊತ್ತು, ಹೆಚ್ಚು ತಿಂದರೆ ತಲೆ ತಿರುಗುತ್ತದೆ ಎಂಬ ಹಿರಿಯರ ಎಚ್ಚರಿಕೆಯೂ ಗೊತ್ತು. ಬಾದಾಮಿಗೆ ಆ ಕಾಟವಿಲ್ಲ.

ಬೆಳೆಸುವುದು ಸುಲಭ. ಮರದಿಂದ ಆಗಷ್ಟೇ ಬಿದ್ದ, ತೂಕವಾದ ಕಾಯನ್ನು ಒಡೆಯದೆ ಇಡಿಯಾಗಿ ಊರಬೇಕು. ಒಂದೆರಡು ತಿಂಗಳೊಳಗೆ ಮೊಳಕೆ ಮೇಲೇಳುತ್ತದೆ. ಘಟ್ಟದ ಮರೆಯಲ್ಲಿರುವ ನಮಗೆ ಮುಂಗಾರು ಕೈಕೊಟ್ಟರೂ ಭರಣಿ, ಕೃತ್ತಿಕೆಯ ಮಳೆ ನೆಲ ನೆನೆಸುತ್ತದೆ. ಸಸಿಯನ್ನು ಗುಂಡಿಗಿಳಿಸಲು ಅದೇ ಹೊತ್ತು. ಉತ್ತರೆ, ಹಸ್ತೆಯ ಹೊತ್ತಿಗೆ ಬೇರು ಹಿಡಿದಿರುತ್ತದೆ. ಮೊದಲ ಬೇಸಿಗೆಗಳಲ್ಲಿ ಬುಡಕ್ಕೆ ನೀರು ಬೇಕು, ಆಮೇಲೆ ಅದರ ಪಾಡಿಗೆ ಬಿಡಬಹುದು. ಕಾಂಪೌಂಡ್ ಗೋಡೆಗೂ ಸಂಪಿಗೂ ದೂರವಿರಲಿ: ಬೇರು ಮೇಲುಮೇಲಕ್ಕೇ ಹರಿದು ಕಲ್ಲುಹಾಸು ಎತ್ತುತ್ತದೆ. ಸುತ್ತ ಸಾಕಷ್ಟು ಜಾಗ ಸಿಕ್ಕ ಮರ ಅಂತಸ್ತು ಅಂತಸ್ತಾಗಿ ಕೊಂಬೆ ಚಾಚುವುದನ್ನು ನೋಡುವುದೇ ಒಂದು ಸುಖ. ಉದುರುವ ಮುನ್ನ ಎಲೆ ಕಡುಗೆಂಪಾಗುತ್ತದೆ. ಗುಡಿಸಿದ ಎಲೆಯನ್ನು ನಾನು ಸುಡುವುದಿಲ್ಲ, ತಿಪ್ಪೆಗೆ ಹಾಕುತ್ತೇನೆ. ಕೊಳೆಯಲು ತಡವಾಗುತ್ತದೆ, ಆಗಲಿ.

ಹೂವಿನ ಕದಿರಿನಲ್ಲಿ ಬಹುಪಾಲು ಗಂಡು ಹೂಗಳೇ, ಕಾಯಿಕಟ್ಟುವವು ಬುಡದ ಕೆಲವು ಮಾತ್ರ. ಹಾಗಾಗಿ ಕಂಡಷ್ಟು ಹೂವೆಲ್ಲ ಕಾಯಾಗುವುದಿಲ್ಲ. ಆದರೂ ಬಲಿತ ಮರದಲ್ಲಿ ಕಾಯಿಗೆ ಬರವಿಲ್ಲ.

ಇನ್ನು ಒಡೆಯುವ ಕೆಲಸ. ಕಾಯನ್ನು ಬಿಸಿಲಲ್ಲಿ ಚೆನ್ನಾಗಿ ಒಣಗಿಸಬೇಕು. ಹಸಿಯಾಗಿದ್ದಾಗ ಸಿಪ್ಪೆ ಏಟನ್ನು ನುಂಗಿಕೊಳ್ಳುತ್ತದೆ, ತಿರುಳು ನಜ್ಜಾಗುತ್ತದೆ. ಒಣಗಿದ ಮೇಲೆ ಕೈಗೆ ಹಗುರ, ಅಲುಗಿಸಿದರೆ ಕೆಲವು ಒಳಗೆ ಸಣ್ಣಗೆ ಸದ್ದು ಮಾಡುತ್ತವೆ. ಕಾಯಿಯ ಎರಡೂ ಪಕ್ಕದಲ್ಲಿ ಉದ್ದಕ್ಕೆ ಏಣು ಇದೆ. ಗುಟ್ಟಿರುವುದು ಆ ಏಣಿನಲ್ಲಿ. ನನಗಿದನ್ನು ಕಲಿಸಿದವಳು ಅವ್ವ. ಅಂಗಾತ ಮಲಗಿಸಿ ಕುಟ್ಟುವವರನ್ನು ಕಂಡರೆ ಅವಳು ಸುಮ್ಮನಿರುತ್ತಿರಲಿಲ್ಲ: “ಹಂಗಲ್ಲ ಕನಪ್ಪ, ಒಸಿ ನೆಟ್ಟಗೆ ಮಡಗು, ಏಣಿನ್ ಮೇಲ್ ಕುಟ್ಟು.” ಚಪ್ಪಡಿಯ ಮೇಲೆ ಏಣು ಮೇಲಾಗಿ ನಿಲ್ಲಿಸಿ ಕೈಗಲ್ಲಿನಿಂದ ಅಳತೆಯ ಒಂದೇಟು. ಏಟು ಜೋರಾಗಬಾರದು, ಅಳುಕಬಾರದು. ಸರಿಯಾಗಿ ಬಿದ್ದರೆ ಕಾಯಿ ಉದ್ದಕ್ಕೆ ಎರಡು ಹೋಳಾಗಿ ತಿರುಳು ಇಡಿಯಾಗಿ ಕೈಗೆ ಬರುತ್ತದೆ, ತೆಳು ಕಂದು ಪೊರೆಯ ಸಮೇತ. ಪೊರೆ ಬಿಡಿಸಿದರೆ ಬಿಳಿ ಬೇಳೆಗಳು ಒಂದರೊಳಗೊಂದು, ಸುತ್ತಿಟ್ಟ ಚಾಪೆಯ ಹಾಗೆ ಸುರುಳಿಯಾಗಿರುತ್ತವೆ. ಆ ಸುರುಳಿಯನ್ನು ಮಗುವಿನ ಕೈಲಿ ಬಿಡಿಸಿ ತೋರಿಸಿ, ಆಮೇಲೆ ತಿನ್ನಲು ಕೊಡಿ.

ಒಂದು ಮೊರ ಕಾಯಿ ಒಡೆದರೆ ಸಿಗುವುದು ಬೊಗಸೆ ತುಂಬದಷ್ಟು ತಿರುಳು. ಇಷ್ಟಕ್ಕೆ ಇಷ್ಟು ದುಡಿಮೆಯೇ ಎನ್ನುವವರು ಒಮ್ಮೆ ನಾಲ್ಕು ಜನ ಸೇರಿ ಕುಟ್ಟಿ ನೋಡಬೇಕು. ಕೈಗೆ ಕೆಲಸ, ಬಾಯಿಗೆ ಮಾತು. ಒಬ್ಬರು ಒಡೆದದ್ದನ್ನು ಇನ್ನೊಬ್ಬರು ಆಯ್ದು ಬಾಯಿಗೆ ಹಾಕಿಕೊಳ್ಳುವುದೂ ನಡೆಯುತ್ತದೆ. ತಿರುಳಿನ ಅರ್ಧದಷ್ಟು ಎಣ್ಣೆಯೇ ಇರುವುದರಿಂದ ನಾಲಗೆಗೆ ನುಣುಪು, ಹಾಲು ಕೂಡಿದ ಸಿಹಿ. ಕಬ್ಬಿಣದ ಬಾಣಲೆಯಲ್ಲಿ ಸಣ್ಣ ಉರಿಗೆ ಬಾಡಿಸಿದರೆ ಇನ್ನೂ ಸೊಗಸು. ಒಡೆದ ತಿರುಳು ಬೇಗ ಕಮಟುತ್ತದೆ. ಕಾಯಲ್ಲೇ ಬಿಟ್ಟರೆ ತಿಂಗಳುಗಟ್ಟಲೆ ಕೆಡದು. ಅದಕ್ಕೇ ಚೀಲದಲ್ಲಿ ಒಣಗಾಯಿ ಎತ್ತಿಟ್ಟುಕೊಂಡು ಸಂಕ್ರಾಂತಿಯ ಹಿಂದಿನ ದಿನ ಒಡೆಯುತ್ತೇನೆ. ಎಳ್ಳು, ಬೆಲ್ಲ, ಕೊಬ್ಬರಿ, ಹುರಿಗಡಲೆ, ಕಡಲೆಬೀಜದ ಜೊತೆ ನಮ್ಮ ಮನೆಯ ಎಳ್ಳಿಗೆ ಇದೂ ಸೇರುತ್ತದೆ. ಗೇರುಬೀಜ ಹಾಕಿದ ಎಳ್ಳಿಗಿಂತ ಇದೇ ಮೇಲು ಎಂಬುದು ನನ್ನ ಖಚಿತ ಅಭಿಪ್ರಾಯ.

ಒಂದು ಎಚ್ಚರಿಕೆ ಹೇಳಲೇಬೇಕು. ಬಾವಲಿಗಳಿಗೆ ಈ ಹಣ್ಣಿನ ಸಿಪ್ಪೆ ಬಲು ಇಷ್ಟ. ಮೇಲಿನ ತೊಗಟು ತಿಂದು ಓಟೆ ಬಿಸಾಕುತ್ತವೆ. ಸಮುದ್ರವಿಲ್ಲದ ನಮ್ಮೂರಿನಲ್ಲಿ ಬೀಜ ಹರಡುವ ಕೆಲಸ ಅವುಗಳದ್ದೇ, ಅವು ಬರಲಿ. ಆದರೆ 2018ರಲ್ಲಿ ಕೋಳಿಕ್ಕೋಡಿನಲ್ಲಿ ನಿಪಾ ಕಾಣಿಸಿಕೊಂಡಿತು. ಗುಂಡ್ಲುಪೇಟೆಯಿಂದ ಹೆದ್ದಾರಿ 766 ಹಿಡಿದರೆ ಸುಲ್ತಾನ್ ಬತ್ತೇರಿ ದಾಟಿ ಅಲ್ಲಿಗೇ ಹೋಗಿ ಮುಟ್ಟುತ್ತದೆ. ಆ ವೈರಸ್ಸಿನ ನೆಲೆ ಹಣ್ಣು ತಿನ್ನುವ ಬಾವಲಿಗಳೇ. ಅಂದಿನಿಂದ ಕಚ್ಚಿದ ಗುರುತಿರುವ ಕಾಯನ್ನು ಯಾರೂ ಬರಿಗೈಯಲ್ಲಿ ಮುಟ್ಟಬಾರದು ಎಂದು ನಮ್ಮ ಮನೆಯಲ್ಲಿ ಕಟ್ಟುನಿಟ್ಟು. ಗಳುವಿನಲ್ಲಿ ಕೊಯ್ದ ಇಡಿಗಾಯಿ ಮಾತ್ರ ಒಣಹಾಕುತ್ತೇವೆ, ತೊಳೆದು.

ಈ ಸಲದ ಸಸಿಗಳು ಹಾಲಿನ ಕವರುಗಳಲ್ಲಿ ಮೊಳೆತು ಸಾಲಾಗಿ ನಿಂತಿವೆ. ಚಾಮರಾಜನಗರದ ಇಬ್ಬರು ಗೆಳೆಯರು ಆಗಲೇ ಕೇಳಿಟ್ಟಿದ್ದಾರೆ. ಹಿತ್ತಲಲ್ಲಿ ಹತ್ತಡಿ ಬಯಲು ಇರುವ ಬೇರೆ ಯಾರೇ ಬಂದರೂ ಕೊಡುತ್ತೇನೆ. ಭರಣಿ ಮಳೆಗೆ ಮುಂಚೆ ಗುಂಡಿ ತೋಡಿಟ್ಟುಕೊಂಡು ಬರಲಿ.