ನಿಡೋ ಡಬ್ಬಿಯೊಳಗಿನ 32 ಕೆಬಿ

1/5

ಎಮ್ಯುಲೇಟರ್ ಅಂದ ಕೂಡಲೇ ನಿಮ್ಮಲ್ಲಿ ಅರ್ಧ ಜನ "ಫ್ರೀ ಗೇಮ್ ಎಲ್ಲಿ ಸಿಗ್ತದೆ, ಲಿಂಕ್ ಕಳ್ಸು" ಅಂತ ಮೆಸೇಜ್ ಹಾಕ್ತೀರಿ, ಗೊತ್ತುಂಟು. ಹೋದ ವಾರ ಸ್ಟೋರಿಯಲ್ಲಿ ಪಿಕಾಚು ಸ್ಕ್ರೀನ್ ಹಾಕಿದ್ದಕ್ಕೇ ಹದಿನಾಲ್ಕು ಜನ ಕೇಳಿದ್ರು. ಲಿಂಕ್ ಇಲ್ಲ ಮಾರ್ರೆ. ಕತೆ ಉಂಟು. ಸ್ವಲ್ಪ ಉದ್ದ, ಓದಿ.

ಮೊದಲು ನನ್ನ ಲ್ಯಾಪ್‌ಟಾಪ್. ಟ್ಯಾಲಿ ಕಲಿಯಲಿಕ್ಕೆ ಅಂತ ಅಪ್ಪ ತೆಗೆಸಿಕೊಟ್ಟ ಸೆಕೆಂಡ್ ಹ್ಯಾಂಡ್ ಮಾಲು. 4 ಜಿಬಿ ರ‍್ಯಾಮ್, ಗ್ರಾಫಿಕ್ಸ್ ಕಾರ್ಡ್ ಇಲ್ಲ, ಆರು ಟ್ಯಾಬ್ ತೆರೆದ್ರೆ ಫ್ಯಾನ್ ಮಿಕ್ಸಿ ತರ ಕೂಗ್ತದೆ. ಈಗಿನ ಗೇಮ್ ಇದರಲ್ಲಿ ಓಡುವ ಮಾತೇ ಇಲ್ಲ. ಆದರೆ 1989ರ ಗೇಮ್ ಬಾಯ್ ಓಡ್ತದೆ, ಬೆವರೇ ಇಲ್ಲದೆ. ಯಾಕಂದ್ರೆ ಆ ಯಂತ್ರದ ಪ್ರೊಸೆಸರ್ ವೇಗ 4.19 ಮೆಗಾಹರ್ಟ್ಜ್, ಗಿಗಾ ಅಲ್ಲ. ಸ್ಕ್ರೀನ್ 160 × 144 ಚುಕ್ಕಿ, ಬಣ್ಣ ಅಂತ ನಾಲ್ಕೇ ಶೇಡ್. ನಿಂಟೆಂಡೊದ ಗುನ್‌ಪೆಯ್ ಯೊಕೊಯ್ ಅನ್ನುವವರು ಬೇಕಂತಲೇ ಹಳೇ, ಅಗ್ಗದ, ಎಲ್ಲರಿಗೂ ಗೊತ್ತಿದ್ದ ಭಾಗಗಳನ್ನೇ ಹಾಕಿ ಮಾಡಿಸಿದ್ದು. ಕಲರ್ ಸ್ಕ್ರೀನ್ ಹಾಕಿಕೊಂಡು ಎದುರು ನಿಂತ ಬೇರೆ ಕಂಪನಿಗಳ ಯಂತ್ರಗಳು ಬ್ಯಾಟರಿ ಕುಡಿದು ಸುಸ್ತಾದವು. ಇದು ಮುಂದೆ ಬಂದ ಗೇಮ್ ಬಾಯ್ ಕಲರ್ ಸೇರಿ 11.8 ಕೋಟಿಗೂ ಹೆಚ್ಚು ಮಾರಾಟ ಆಯ್ತು. ಕಾಸ್ಟಿಂಗ್ ಕ್ಲಾಸಲ್ಲಿ ಇದನ್ನೇ ಕೇಸ್ ಸ್ಟಡಿ ಕೊಟ್ಟಿದ್ರೆ ನಾನು ನಿದ್ದೆ ಮಾಡ್ತಿರಲಿಲ್ಲ.

2/5

ಎಮ್ಯುಲೇಟರ್ ಮಾಡುವುದು ಎಂತ? ಗೇಮ್‌ನಲ್ಲಿರುವ ಆಜ್ಞೆಗಳೆಲ್ಲ ಆ ಹಳೇ ಪ್ರೊಸೆಸರ್‌ನ ಭಾಷೆಯಲ್ಲಿ ಇರ್ತವೆ. ನಮ್ಮ ಲ್ಯಾಪ್‌ಟಾಪ್‌ಗೆ ಅದು ಅರ್ಥ ಆಗುವುದಿಲ್ಲ. ಎಮ್ಯುಲೇಟರ್ ನಡುವೆ ಕೂತು, ಆ ಯಂತ್ರದ ಪ್ರೊಸೆಸರ್, ಮೆಮೊರಿ, ಸ್ಕ್ರೀನ್, ಸೌಂಡ್, ಬಟನ್ ಎಲ್ಲದರ ವೇಷವನ್ನೂ ತಾನೇ ಹಾಕ್ತದೆ. ಒಬ್ಬನೇ ಇಡೀ ಪ್ರಸಂಗ ಆಡಿದ ಹಾಗೆ. ಸೆಕೆಂಡಿಗೆ ಹೆಚ್ಚುಕಡಿಮೆ 60 ಸಲ ಚಿತ್ರ ಬದಲಾಗ್ತಾ ಇರ್ತದೆ. ತಾನು ಉಡುಪಿಯಲ್ಲಿ, ಟ್ಯಾಲಿ ಪಕ್ಕದಲ್ಲಿ ಓಡ್ತಾ ಇದ್ದೇನೆ ಅಂತ ಪಾಪ ಆ ಗೇಮ್‌ಗೆ ಗೊತ್ತೇ ಆಗುವುದಿಲ್ಲ.

ನಾನು ಬಳಸುವುದು ಎಮ್‌ಜಿಬಿಎ. ಉಚಿತ, ಓಪನ್ ಸೋರ್ಸ್. ಕೀಬೋರ್ಡಿನ ಎಕ್ಸ್ ಒತ್ತಿದ್ರೆ ಎ ಬಟನ್, ಝಡ್ ಒತ್ತಿದ್ರೆ ಬಿ, ಎಂಟರ್ ಅಂದ್ರೆ ಸ್ಟಾರ್ಟ್. ಟ್ಯಾಬ್ ಹಿಡಿದುಕೊಂಡ್ರೆ ಫಾಸ್ಟ್ ಫಾರ್ವರ್ಡ್. ಶಿಫ್ಟ್ ಜೊತೆ ಎಫ್1 ಒತ್ತಿದ್ರೆ ಆ ಕ್ಷಣ ಹಾಗೇ ಫ್ರೀಜ್ ಆಗಿ ಉಳೀತದೆ, ಸೋತ್ರೆ ಎಫ್1 ಒತ್ತಿ ವಾಪಸ್ ಬರಬಹುದು. ಇದಕ್ಕೆ ಸೇವ್ ಸ್ಟೇಟ್ ಅಂತಾರೆ. ಗೇಮ್ ತಾನೇ ಮಾಡಿಕೊಳ್ಳುವ ಸೇವ್ ಬೇರೆ, ಇದು ಬೇರೆ. ಈ ವ್ಯತ್ಯಾಸ ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗ್ತದೆ.

3/5

ಈಗ ಫೋಟೋದಲ್ಲಿರುವ ಡಬ್ಬಿ. ಗಲ್ಫ್‌ನಲ್ಲಿ ಯಾರಾದ್ರೂ ಇದ್ದ ಮನೆಯವರಿಗೆ ಹೇಳಬೇಕಾಗಿಲ್ಲ, ನಿಡೋ ಹಾಲಿನಪುಡಿ ಡಬ್ಬಿ. ಹಾಲಿನಪುಡಿ ಮುಗಿದ ಮೇಲೆ ಅದರಲ್ಲಿ ಮೊಳೆ, ಗುಂಡಿ, ಹಳೇ ಪಾಸ್‌ಪೋರ್ಟ್ ಫೋಟೋ ಎಲ್ಲ ಸೇರ್ತದೆ. ದೊಡ್ಡಪ್ಪ ಮಸ್ಕತ್‌ನಲ್ಲಿ ಅಂಗಡಿಯೊಂದರ ಲೆಕ್ಕ ಬರೀತಿದ್ರು. ಈ ಸಲ ಮನೆಗೆ ಪೇಂಟ್ ಹೊಡೆಸುವಾಗ ದೊಡ್ಡಮ್ಮ ಗುಜರಿಯವನಿಗೆ ಅಂತ ತೆಗೆದಿಟ್ಟ ರಾಶಿಯಲ್ಲಿ ಈ ಡಬ್ಬಿ ಇತ್ತು. ಒಳಗೆ ಒಂದು ನೇರಳೆ ಬಣ್ಣದ ಗೇಮ್ ಬಾಯ್ ಕಲರ್, ಅದರಲ್ಲಿ ಹಳದಿ ಕಾರ್ಟ್ರಿಜ್. ಪೋಕೆಮಾನ್ ಯೆಲ್ಲೋ. ದೊಡ್ಡಪ್ಪನ ಮಗಳು, ಅಂದ್ರೆ ನನ್ನ ಅಕ್ಕ, ನಾಲ್ಕನೇ ಕ್ಲಾಸಲ್ಲಿದ್ದಾಗ ಸಿಕ್ಕಿದ್ದಂತೆ.

ಯಂತ್ರ ಸತ್ತಿತ್ತು. ಒಳಗೇ ಬಿಟ್ಟಿದ್ದ ಎರಡು ಸೆಲ್ ಒಡೆದು, ಹಸಿರು ಕಿಲುಬು ಹಿಡಿದು ಪಾಯಿಂಟ್ ಪೂರಾ ತಿಂದುಹೋಗಿತ್ತು. ಡಿಪ್ರಿಸಿಯೇಶನ್ ಹಾಕಿದ್ರೆ ಬುಕ್ ವ್ಯಾಲ್ಯೂ ಸೊನ್ನೆ, ಸ್ಕ್ರ್ಯಾಪ್ ವ್ಯಾಲ್ಯೂ ಐದು ರೂಪಾಯಿ. ಕಾರ್ಟ್ರಿಜ್ ಮಾತ್ರ ಚೆನ್ನಾಗಿತ್ತು.

ನನಗೆ ಹೆದರಿಕೆ ಆದದ್ದು ಇಲ್ಲಿ. ಆ ಕಾಲದ ಕಾರ್ಟ್ರಿಜ್‌ನಲ್ಲಿ ಗೇಮ್ ಒಂದು ಚಿಪ್‌ನಲ್ಲಿರ್ತದೆ, ಅದು ಅಷ್ಟು ಸುಲಭಕ್ಕೆ ಹೋಗುವುದಿಲ್ಲ. ಆಡಿದವರ ಸೇವ್ ಇನ್ನೊಂದು ಚಿಪ್‌ನಲ್ಲಿ. ಆ ಚಿಪ್‌ಗೆ ಯಾವಾಗಲೂ ಕರೆಂಟ್ ಬೇಕು. ಅದಕ್ಕೆ ಒಳಗೊಂದು ವಾಚ್ ಸೆಲ್ ತರದ್ದು ಬೆಸುಗೆ ಹಾಕಿರ್ತಾರೆ. ಸೆಲ್ ಸತ್ತ ದಿನ ಸೇವ್ ಅಳಿಸಿಹೋಗ್ತದೆ. ಸೆಲ್ ಬದಲಾಯಿಸುವ ಅಂತ ಸುಮ್ಮನೆ ಕಿತ್ತರೂ ಹೋಗ್ತದೆ. ಗೇಮ್ ಉಳೀತದೆ, ಅದರಲ್ಲಿ ಅಕ್ಕ ಇರುವುದಿಲ್ಲ. ಇಪ್ಪತ್ತೈದು ವರ್ಷ ಹತ್ರ ಬಂದ ಆ ಸೆಲ್ ಇವತ್ತು ಉಂಟಾ ಇಲ್ವಾ ಅಂತ ಹೊರಗಿಂದ ನೋಡಿ ಯಾರಿಗೂ ಹೇಳ್ಲಿಕ್ಕೆ ಆಗುವುದಿಲ್ಲ.

4/5

ಕ್ಲಾಸ್‌ಮೇಟ್ ಒಬ್ಬನ ಅಣ್ಣನ ಹತ್ರ ಕಾರ್ಟ್ರಿಜ್ ರೀಡರ್ ಇತ್ತು. ಅಂಗೈ ಅಗಲದ ಸಾಮಾನು, ಒಂದು ಕಡೆ ಕಾರ್ಟ್ರಿಜ್, ಇನ್ನೊಂದು ಕಡೆ ಯುಎಸ್‌ಬಿ. ಗೇಮ್ ಇಳಿಯಿತು, 1 ಎಂಬಿ. ಆಮೇಲೆ ಸೇವ್, 32 ಕೆಬಿ. ನಿಮ್ಮ ಫ್ಯಾಮಿಲಿ ಗ್ರೂಪಿಗೆ ಬರುವ ಗುಡ್ ಮಾರ್ನಿಂಗ್ ಫೋಟೋ ಇದಕ್ಕಿಂತ ದೊಡ್ಡದು. ಎರಡೂ ಫೈಲ್‌ಗೆ ಒಂದೇ ಹೆಸರಿಟ್ಟು, ಒಂದೇ ಫೋಲ್ಡರ್‌ನಲ್ಲಿ ಹಾಕಿದ್ರೆ ಎಮ್‌ಜಿಬಿಎ ತಾನೇ ಹುಡುಕಿಕೊಳ್ತದೆ. ತೆರೆದೆ.

"ಕಂಟಿನ್ಯೂ" ಅಂತ ಬಂತು. ಸೇವ್ ಇಲ್ಲದಿದ್ರೆ ಆ ಸಾಲೇ ಬರುವುದಿಲ್ಲ. ಅಂದ್ರೆ ಸೆಲ್ ಇನ್ನೂ ಜೀವ ಹಿಡ್ಕೊಂಡಿತ್ತು.

ಎಕ್ಸ್ ಒತ್ತಿದೆ. ಅಕ್ಕನ ಹೆಸರು ಇಂಗ್ಲಿಷಲ್ಲಿ ಒಂಬತ್ತು ಅಕ್ಷರ. ಗೇಮ್‌ನಲ್ಲಿ ಏಳಕ್ಕಿಂತ ಹೆಚ್ಚು ಹಿಡಿಯುವುದಿಲ್ಲ, ಹಾಗಾಗಿ ಹೆಸರು ಅರ್ಧಕ್ಕೇ ನಿಂತಿತ್ತು. ಬ್ಯಾಡ್ಜ್ 7. ಸಮಯ 63 ಗಂಟೆ 12 ನಿಮಿಷ. ಒಟ್ಟು ಬ್ಯಾಡ್ಜ್ ಎಂಟು, ಒಂದು ಬಾಕಿ. ಒಳಗೆ ಹೋದ್ರೆ ಪಿಕಾಚು ಹಿಂದೆಯೇ ನಿಂತಿದೆ. ಈ ಗೇಮ್‌ನಲ್ಲಿ ಅದು ಚೆಂಡಿನೊಳಗೆ ಹೋಗುವುದಿಲ್ಲ, ನಡೆದಲ್ಲೆಲ್ಲ ಬೆನ್ನು ಹಿಡೀತದೆ. ಅದರ ಕಡೆ ತಿರುಗಿ ಎ ಒತ್ತಿದ್ರೆ ಅದರ ಮುಖ ತೋರಿಸ್ತದೆ. ನೀವು ಚೆನ್ನಾಗಿ ನೋಡಿಕೊಂಡಿದ್ರೆ ನಗ್ತದೆ, ಇಲ್ಲದಿದ್ರೆ ಸಿಟ್ಟು. ಒತ್ತಿದೆ. ನಕ್ಕಿತು.

ಸ್ಕ್ರೀನ್ ವಿಡಿಯೋ ಮಾಡಿ ಅಕ್ಕನಿಗೆ ಕಳಿಸಿದೆ. ಈಗ ಬೆಂಗಳೂರಲ್ಲಿದ್ದಾಳೆ, ಕೆಲಸ, ಮನೆ, ಮೂರು ವರ್ಷದ ಮಗ. ಬ್ಲೂ ಟಿಕ್ ಬಂತು, ಎರಡು ದಿನ ಉತ್ತರ ಇಲ್ಲ. ಮೂರನೇ ದಿನ ರಾತ್ರಿ ಹನ್ನೊಂದೂವರೆಗೆ ವಾಯ್ಸ್ ಮೆಸೇಜ್: "ಏಯ್, ಅದನ್ನ ಮುಟ್ಬೇಡ. ಮುಂದೆ ಆಡ್ಬೇಡ. ನಾನೇ ಬಂದು ಆಡ್ತೇನೆ." ಅವಳ ಹತ್ತನೇ ಕ್ಲಾಸಿಗೆ ಅಂತ ಎಲ್ಲ ಕಟ್ಟಿಕೊಂಡು ಊರಿಗೆ ಬಂದದ್ದಂತೆ, ಆಮೇಲೆ ಡಬ್ಬಿ ಯಾವ ಪೆಟ್ಟಿಗೆಯಲ್ಲಿ ಹೋಯ್ತು ಅಂತ ಯಾರೂ ಹೇಳಲಿಲ್ಲವಂತೆ. ಅಳ್ತಿದ್ಲಾ ನಗ್ತಿದ್ಲಾ ಗೊತ್ತಾಗಲಿಲ್ಲ.

5/5

ಹಾಗಾಗಿ ಮೂಲ ಸೇವ್ ರೀಡ್ ಓನ್ಲಿ ಮಾಡಿ ಪೆನ್‌ಡ್ರೈವ್‌ನಲ್ಲಿ ಒಂದು, ಮೇಲ್‌ನಲ್ಲಿ ಒಂದು ಇಟ್ಟೆ. ಅಡ್ಡಾಡಲಿಕ್ಕೆ ಬೇರೆ ಪ್ರತಿ. ಸೇವ್ ಸ್ಟೇಟ್ ಮತ್ತು ಟ್ಯಾಬ್ ಕೀ ಹಿಡಿದು ಕೂತ್ರೆ ಆ ಎಂಟನೇ ಬ್ಯಾಡ್ಜ್ ಒಂದು ಸಂಜೆಯ ಕೆಲಸ. ಆ ಪ್ರತಿಯಲ್ಲೂ ನಾನು ಮಾಡಲಿಲ್ಲ. ಬಾಕಿ ಇದ್ದದ್ದು ನನ್ನದಲ್ಲ.

ಸುಮ್ಮನೆ ಊರು ಸುತ್ತುವಾಗ ಒಂದು ಸಿಕ್ಕಿತು. ಶುರುವಿನ ಊರಲ್ಲಿ ಎದುರಾಳಿಯ ಮನೆ ಮುಂದೆ ಒಂದು ಬೋರ್ಡ್ ಉಂಟು, ಅವನಿಗೆ ನೀವೇ ಇಟ್ಟ ಹೆಸರು ಅದರಲ್ಲಿ ಬರ್ತದೆ. ಅಕ್ಕ ಇಟ್ಟ ಹೆಸರು: ಅಪ್ಪ. ಪರೀಕ್ಷೆ ಬಂದಾಗೆಲ್ಲ ಗೇಮ್ ಬಾಯ್ ತೆಗೆದು ಲೆಜರ್ ಪುಸ್ತಕಗಳ ಹಿಂದೆ ಅಡಗಿಸಿಡ್ತಿದ್ದದ್ದು ದೊಡ್ಡಪ್ಪನೇ. ಕರೆದು ತೋರಿಸಿದೆ. ಕನ್ನಡಕ ಹಾಕಿಕೊಂಡು ಎರಡು ಸಲ ಓದಿದ್ರು. "ಅಲ್ಲೂ ನಂಗೊಂದು ಮನೆ ಉಂಟಾ? ಟ್ಯಾಕ್ಸ್ ಯಾರು ಕಟ್ಟುದು?"

ಇನ್ನು ಲಿಂಕ್ ಕೇಳಿದ ಹದಿನಾಲ್ಕು ಜನ. ಎಮ್ಯುಲೇಟರ್ ಮಾಡುವುದೇ ಕಳ್ಳತನ ಅಲ್ಲ. 2000ದಲ್ಲಿ ಅಮೆರಿಕದ ಕೋರ್ಟಲ್ಲಿ ಸೋನಿ ಪ್ಲೇಸ್ಟೇಷನ್ ಎಮ್ಯುಲೇಟರ್ ಮಾಡಿದ ಕನೆಕ್ಟಿಕ್ಸ್ ಕಂಪನಿ ಎದುರು ಸೋತು, ಆಮೇಲೆ ಆ ಎಮ್ಯುಲೇಟರನ್ನೇ ಖರೀದಿಸಿತು! ಹಾಗಂತ ಎಲ್ಲವೂ ನಡೀತದೆ ಅಂತಲ್ಲ. 2024ರಲ್ಲಿ ಸ್ವಿಚ್ ಎಮ್ಯುಲೇಟರ್ ಯೂಝು ಮೇಲೆ ನಿಂಟೆಂಡೊ ಕೇಸ್ ಹಾಕಿದಾಗ ಅವರು 24 ಲಕ್ಷ ಡಾಲರ್‌ಗೆ ರಾಜಿಯಾಗಿ ಅಂಗಡಿ ಮುಚ್ಚಿದರು. ನಮ್ಮ 1957ರ ಕಾಪಿರೈಟ್ ಕಾಯ್ದೆಯ ಸೆಕ್ಷನ್ 52, ಕಂಪ್ಯೂಟರ್ ಪ್ರೋಗ್ರಾಮ್‌ನ ಪ್ರತಿಯನ್ನು ಕಾನೂನುಬದ್ಧವಾಗಿ ಇಟ್ಟುಕೊಂಡವರು ಅದು ಹಾಳಾಗದಂತೆ ಬ್ಯಾಕಪ್ ಮಾಡಿಕೊಳ್ಳುವುದಕ್ಕೆ ಜಾಗ ಬಿಟ್ಟಿದೆ. ಊರಿಗೆಲ್ಲ ಹಂಚಲಿಕ್ಕೆ ಅಲ್ಲ. ಅದಕ್ಕೇ ಲಿಂಕ್ ಇಲ್ಲ.

ಕಾಸು ಕೊಟ್ಟು ತಗೊಳ್ತೇನೆ ಅಂದ್ರೂ ಕಷ್ಟವೇ, ಅದು ನನಗೂ ಸಿಟ್ಟು ಬರಿಸ್ತದೆ. ಇದೇ ಯೆಲ್ಲೋ 2016ರಲ್ಲಿ 3ಡಿಎಸ್‌ನ ಆನ್‌ಲೈನ್ ಅಂಗಡಿಗೆ ಬಂದಿತ್ತು. 2023ರ ಮಾರ್ಚ್‌ನಲ್ಲಿ ಆ ಅಂಗಡಿಯಲ್ಲಿ ವ್ಯಾಪಾರವೇ ನಿಂತಿತು. ವಿಡಿಯೋ ಗೇಮ್ ಹಿಸ್ಟರಿ ಫೌಂಡೇಶನ್ ಅದೇ ವರ್ಷ ಲೆಕ್ಕ ಹಾಕಿ ಹೇಳಿದ್ದು: ಅಮೆರಿಕದಲ್ಲಿ 2010ಕ್ಕೆ ಮೊದಲು ಬಂದ ಗೇಮ್‌ಗಳಲ್ಲಿ ಶೇ. 87 ಈಗ ಮಾರಾಟದಲ್ಲೇ ಇಲ್ಲ. ನಿಮ್ಮ ಮನೆ ಅಟ್ಟದಲ್ಲೂ ಇಂಥ ಡಬ್ಬಿ ಇದ್ರೆ ಗುಜರಿಗೆ ಹಾಕುವ ಮೊದಲು ಒಂದು ಮೆಸೇಜ್ ಮಾಡಿ. ಸೆಲ್ ಮಾತ್ರ ಕೀಳಬೇಡಿ.

ಅಕ್ಕ ಮೇ ರಜೆಗೆ ಬರ್ತಾಳೆ. ಕೀಬೋರ್ಡಲ್ಲಿ ಅವಳಿಗೆ ಗೊತ್ತಾಗ್ಲಿ ಅಂತ ಎಕ್ಸ್ ಮೇಲೆ ಎ, ಝಡ್ ಮೇಲೆ ಬಿ ಅಂತ ಸಣ್ಣ ಸ್ಟಿಕ್ಕರ್ ಅಂಟಿಸಿದ್ದೇನೆ. ಈಗ ಟ್ಯಾಲಿ ಮಾಡುವಾಗ ಬೆರಳಿಗೆ ಅಂಟು ತಾಗ್ತದೆ.